ರಾಶಿಯ ಕೊನೆಯ ಕಾಳು

ಕಣದಲ್ಲಿ ಜೋಳದ ರಾಶಿ ಕೂಡಿಸುವುದನ್ನು ಕಂಡವರಿಗೆಲ್ಲ ಒಂದು ಸಂಗತಿ ತಿಳಿದಿರುತ್ತದೆ. ಎಷ್ಟೇ ಕಾಳು ಸುರಿದರೂ ರಾಶಿಯ ಇಳಿಜಾರು ಒಂದು ಮಿತಿಗಿಂತ ಹೆಚ್ಚು ಕಡಿದಾಗುವುದಿಲ್ಲ. ಕಡಿದಾದೊಡನೆ ಒಂದಷ್ಟು ಕಾಳು ಜಾರಿ, ರಾಶಿ ತಾನಾಗಿಯೇ ತನ್ನ ಮೊದಲಿನ ಓರೆಗೆ ಮರಳುತ್ತದೆ. ಹಾಗೆ ಮಾಡೆಂದು ಅದಕ್ಕೆ ಅಪ್ಪಣೆ ಕೊಟ್ಟವರು ಯಾರೂ ಇಲ್ಲ. ಆಳಂದದ ಬಳಿಯ ನಮ್ಮ ಹೊಲದ ಕಣದಲ್ಲಿ ಬಾಲ್ಯದಿಂದಲೂ ಇದನ್ನು ನೋಡುತ್ತ ಬಂದವನು ನಾನು. ಮುಂದೆ ಭೌತಶಾಸ್ತ್ರದ ಅಧ್ಯಾಪಕನಾದ ಮೇಲೆ, ಇದೇ ರಾಶಿಯ ಮೇಲೆ ವಿಜ್ಞಾನಿಗಳು ದೊಡ್ಡದೊಂದು ಸಿದ್ಧಾಂತವನ್ನೇ ಕಟ್ಟಿದ್ದಾರೆಂದು ಓದಿದಾಗ ಸಂತೋಷವೂ ಆಯಿತು, ಸ್ವಲ್ಪ ನಗುವೂ ಬಂದಿತು.

1987ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ಪ್ರಯೋಗಾಲಯದಲ್ಲಿದ್ದ ಪೆರ್ ಬಾಕ್, ಚಾವೋ ಟಾಂಗ್, ಕರ್ಟ್ ವೀಸೆನ್‌ಫೆಲ್ಡ್ ಎಂಬ ಮೂವರು ಗಣಕಯಂತ್ರದೊಳಗೆ ಒಂದು ಮರಳಿನ ರಾಶಿಯನ್ನು ಕಲ್ಪಿಸಿದರು. ಚದುರಂಗದ ಹಾಸಿನಂಥ ಮನೆಗಳು. ಒಂದೊಂದಾಗಿ ಬೀಳುವ ಕಣಗಳು. ಯಾವ ಮನೆಯಲ್ಲಿ ನಾಲ್ಕು ಕಣ ಕೂಡುವುವೋ ಆ ಮನೆ ನಾಲ್ಕು ಬದಿಯ ನೆರೆಮನೆಗಳಿಗೆ ಒಂದೊಂದನ್ನು ಕೊಡಬೇಕು. ನಿಯಮ ಇಷ್ಟೇ. ಕೆಲ ಕಾಲದ ಮೇಲೆ ಆ ರಾಶಿ ಯಾರೂ ತಿದ್ದದೆ ತಾನೇ ಒಂದು ಸೂಕ್ಷ್ಮ ಸ್ಥಿತಿಗೆ ಬಂದು ನಿಲ್ಲುತ್ತದೆ. ಆ ಬಳಿಕ ಬೀಳುವ ಕಾಳು ಏನನ್ನೂ ಮಾಡದಿರಬಹುದು, ನಾಲ್ಕು ಕಾಳುಗಳನ್ನು ಅಲುಗಿಸಬಹುದು, ಇಲ್ಲವೆ ರಾಶಿಯ ಒಂದು ಮಗ್ಗುಲನ್ನೇ ಕೆಡವಬಹುದು. ಸಣ್ಣ ಕುಸಿತಗಳು ಬಹಳ, ದೊಡ್ಡವು ವಿರಳ; ಆದರೆ ಸಣ್ಣದನ್ನು ಉಂಟುಮಾಡಿದ ಕಾಳಿಗೂ ದೊಡ್ಡದನ್ನು ಉಂಟುಮಾಡಿದ ಕಾಳಿಗೂ ಯಾವ ಭೇದವೂ ಇಲ್ಲ. ಇದಕ್ಕೆ ಸ್ವಯಂಸಂಘಟಿತ ಕ್ರಾಂತಿಕತೆಯೆಂಬ ಭಾರವಾದ ಹೆಸರು ಬಂದಿತು.

ಭೌತಶಾಸ್ತ್ರದ ಮನೆಯಲ್ಲಿ ಹುಟ್ಟಿದ ಈ ಕೂಸು ಬೇಗನೆ ನೆರೆಮನೆಗಳಿಗೂ ಹೋಯಿತು. ಭೂಕಂಪಗಳಲ್ಲಿ ಪ್ರಮಾಣ ಒಂದು ಅಂಕ ಏರಿದರೆ ಸಂಖ್ಯೆ ಸುಮಾರು ಹತ್ತರಲ್ಲಿ ಒಂದಕ್ಕೆ ಇಳಿಯುತ್ತದೆಂದು ಗುಟೆನ್‌ಬರ್ಗ್ ಮತ್ತು ರಿಕ್ಟರ್ 1940ರ ದಶಕದಲ್ಲಿಯೇ ತೋರಿಸಿದ್ದರು. 1989ರಲ್ಲಿ ಬಾಕ್ ಮತ್ತು ಟಾಂಗ್, ಭೂಮಿಯ ಹೊರಪದರವೂ ಇಂಥದೇ ರಾಶಿಯೆಂದು ವಾದಿಸಿದರು. ಅರಣ್ಯದ ಬೆಂಕಿ, ಪೇಟೆಯ ಧಾರಣೆ, ಜೀವಜಾತಿಗಳ ಅಳಿವು, ಎಲ್ಲಕ್ಕೂ ಇದೇ ಕೀಲಿಕೈ ಎಂದು ಹೇಳುವವರೂ ಹೊರಟರು. ಅಷ್ಟು ಉತ್ಸಾಹ ನನಗಿಲ್ಲ. 1996ರಲ್ಲಿ ನಾರ್ವೆಯ ಓಸ್ಲೋದಲ್ಲಿ ನಿಜವಾದ ಅಕ್ಕಿಯನ್ನೇ ಸುರಿದು ಪರೀಕ್ಷಿಸಿದಾಗ ಉದ್ದ ಕಾಳಿನ ಅಕ್ಕಿ ಸಿದ್ಧಾಂತವನ್ನು ಪಾಲಿಸಿತು. ಗಿಡ್ಡ ಕಾಳಿನದು ಪಾಲಿಸಲಿಲ್ಲ. ನಮ್ಮ ಜೋಳವಂತೂ ದುಂಡಗಿನದು! ಭೂವಿಜ್ಞಾನಿಗಳೂ ಸುಮ್ಮನೆ ಒಪ್ಪಲಿಲ್ಲ. ಪ್ರತಿಯೊಂದು ಸ್ತರಭಂಗಕ್ಕೂ ಅದರದೇ ಚರಿತ್ರೆಯಿದೆ, ಅದನ್ನು ಕಾಳಿನಂತೆ ಎಣಿಸಲಾಗದು ಎಂದರು. ಒಂದು ಶಾಸ್ತ್ರ ಕಂಡದ್ದನ್ನು ಇನ್ನೊಂದು ಶಾಸ್ತ್ರ ತನ್ನ ನಯದಿಂದ ತಿದ್ದಿದ್ದು ಅನೇಕಾಂತದಲ್ಲಿ ಬೆಳೆದ ನಮ್ಮ ವಾಚಕರಿಗೆ ಹೊಸದಾಗಿ ತೋರಲಾರದು.

ಕರ್ತೃವಿಲ್ಲದ ವ್ಯವಸ್ಥೆಯೆಂಬ ಮಾತೂ ನಮಗೆ ಹೊಸದಲ್ಲ. ನಮ್ಮ ಜಿಲ್ಲೆಯದೇ ಆದ ಮಳಖೇಡ, ಅಂದಿನ ಮಾನ್ಯಖೇಟದಿಂದ ಆಳಿದ ಅಮೋಘವರ್ಷ ನೃಪತುಂಗನು ಗುರುವೆಂದು ಗೌರವಿಸಿದ ಜಿನಸೇನಾಚಾರ್ಯರು, ಲೋಕಕ್ಕೆ ಸೃಷ್ಟಿಕರ್ತನಿಲ್ಲವೆಂದು ಒಂಬತ್ತನೆಯ ಶತಮಾನದಲ್ಲಿಯೇ ತಮ್ಮ ಮಹಾಪುರಾಣದಲ್ಲಿ ವಿಸ್ತಾರವಾಗಿ ವಾದಿಸಿದ್ದಾರೆ. ಆದ್ದರಿಂದ ರಾಶಿ ತಾನೇ ತನ್ನನ್ನು ಕಟ್ಟಿಕೊಳ್ಳುತ್ತದೆಂದರೆ ನಮಗೆ ಗಾಬರಿಯಿಲ್ಲ. ನನ್ನನ್ನು ಕಾಡಿದ ಪ್ರಶ್ನೆ ಬೇರೆ. ಜೇವರ್ಗಿಯ ಕಾಲೇಜಿನಲ್ಲಿ ಈ ಪಾಠವನ್ನು ಹೇಳುತ್ತಿದ್ದಾಗ ಹಿಂದಿನ ಸಾಲಿನ ಹುಡುಗನೊಬ್ಬ ಎದ್ದು, “ಹಂಗಾದ್ರ ಸರ್, ಕೊನೀ ಕಾಳು ಹಾಕಿದಾವಂದೇ ತಪ್ಪೇನ್ರಿ?” ಎಂದು ಕೇಳಿದನು. ತರಗತಿಯೆಲ್ಲ ನಕ್ಕಿತು. ನನಗೆ ಮಾತ್ರ ಕಿಲ್ಲಾರಿ ನೆನಪಾಯಿತು.

1993ರ ಸೆಪ್ಟೆಂಬರ್ 29 ಅನಂತ ಚತುರ್ದಶಿ. ದಶಲಕ್ಷಣ ಪರ್ವದ ಕಡೆಯ ದಿನ. ಊರೂರುಗಳಲ್ಲಿ ಗಣೇಶನನ್ನು ಕಳುಹಿಸಿ ಜನ ತಡವಾಗಿ ಮಲಗಿದ್ದರು. ಮರುದಿನ ಬೆಳಗಿನ ಜಾವ ನಾಲ್ಕಕ್ಕೆ ಕೆಲವೇ ನಿಮಿಷಗಳಿರುವಾಗ ಭೂಮಿ ನಡುಗಿತು. ಆಳಂದದಲ್ಲಿ ನಾವು ಮಕ್ಕಳನ್ನೆತ್ತಿಕೊಂಡು ಅಂಗಳಕ್ಕೆ ಓಡಿದೆವು. ಗಡಿಯಾಚೆ, ಲಾತೂರ ಮತ್ತು ಅಂದಿನ ಉಸ್ಮಾನಾಬಾದ ಜಿಲ್ಲೆಗಳಲ್ಲಿ, ಸುಮಾರು ಹತ್ತು ಸಾವಿರ ಜನ ತಮ್ಮ ಮನೆಗಳ ಅಡಿಯಲ್ಲಿಯೇ ಸತ್ತಿದ್ದರು. ಆಗಿನ ನಕ್ಷೆಯಲ್ಲಿ ಆ ಸೀಮೆ ಭೂಕಂಪದ ಭಯ ಅತ್ಯಂತ ಕಡಿಮೆಯಿರುವ ವಲಯ.

ಆ ಕಂಪನದ ಪ್ರಮಾಣ 6.2ರಷ್ಟು. ಜಗತ್ತಿನಲ್ಲಿ ಆ ದರ್ಜೆಯ ಭೂಕಂಪಗಳು ವರ್ಷಕ್ಕೆ ನೂರಕ್ಕೂ ಹೆಚ್ಚಾಗುತ್ತವೆ. ಬಹುಪಾಲು ಯಾರನ್ನೂ ಕೊಲ್ಲುವುದಿಲ್ಲ. ಕಿಲ್ಲಾರಿಯಲ್ಲಿ ಕೊಂದದ್ದು ಗೋಡೆ ಮತ್ತು ಮಾಳಿಗೆ. ಕೆಸರಿನಲ್ಲಿ ಕಟ್ಟಿದ ಒರಟು ಕಲ್ಲಿನ ದಪ್ಪ ಗೋಡೆ. ಅದರ ಒಳಮುಖ ಹೊರಮುಖಗಳನ್ನು ಹಿಡಿದಿಡುವ ಉದ್ದಗಲ್ಲು ಇಲ್ಲ, ನಡುವೆ ಬರಿಯ ಚೂರುಗಲ್ಲು. ಮೇಲೆ ತೊಲೆ ಜಂತಿ, ಅದರ ಮೇಲೆ ಒಂದೆರಡು ಅಡಿ ಮಣ್ಣು. ಅಷ್ಟು ಮಣ್ಣನ್ನು ಒಂದೇ ದಿನ ಯಾರೂ ಹೇರಿದ್ದಲ್ಲ. ಮಳೆಗಾಲಕ್ಕೆ ಮುಂಚೆ ಸೋರುವಲ್ಲಿ ನಾಲ್ಕು ಬುಟ್ಟಿ. ಮರುವರ್ಷ ಮತ್ತೆ ನಾಲ್ಕು ಬುಟ್ಟಿ. ಅಜ್ಜ ಹಾಕಿದ, ಅಪ್ಪ ಹಾಕಿದ, ಮಗ ಹಾಕಿದ. ಎಲ್ಲರೂ ಮಾಡಿದ್ದು ಮನೆಯವರನ್ನು ಮಳೆಯಿಂದ ಕಾಯುವ ಕೆಲಸವನ್ನೇ. 10 ಅಡಿ ಉದ್ದ 10 ಅಡಿ ಅಗಲದ ಕೋಣೆಯ ಮೇಲೆ 2 ಅಡಿ ಮಣ್ಣೆಂದರೆ ಸುಮಾರು 9 ಟನ್ ಭಾರ. ಇಲ್ಲಿ ರಾಶಿಯ ಉಪಮೆ ನನಗೆ ಸರಿಹೊಂದುತ್ತದೆ, ಆದರೆ ನೆಲದೊಳಗಿನ ರಾಶಿಗಿಂತ ತಲೆಯ ಮೇಲಿನ ರಾಶಿಗೆ.

ಇಂಥಲ್ಲಿ ಹಿಂಸೆ ಯಾರದು? ಕೊಲ್ಲುವ ಸಂಕಲ್ಪ ಯಾರಿಗೂ ಇರಲಿಲ್ಲ, ಆದ್ದರಿಂದ ಯಾರದೂ ಅಲ್ಲವೆನ್ನುವುದು ಸುಲಭ. ಆದರೆ ಉಮಾಸ್ವಾತಿಗಳು ತತ್ತ್ವಾರ್ಥಸೂತ್ರದಲ್ಲಿ ಹಿಂಸೆಯ ಲಕ್ಷಣ ಹೇಳುವಾಗ ಸಂಕಲ್ಪವೆಂಬ ಮಾತನ್ನು ಬಳಸದೆ ಪ್ರಮಾದವನ್ನು ಮುಂದಿಟ್ಟಿದ್ದಾರೆ. ತಾನು ಮಾಡಿದ್ದು, ಮಾಡಿಸಿದ್ದು, ಮಾಡಿದ್ದಕ್ಕೆ ಒಪ್ಪಿದ್ದು ಎಂಬ ಮೂರನ್ನೂ ನಮ್ಮ ಆಚಾರ್ಯರು ಲೆಕ್ಕಕ್ಕೆ ಹಿಡಿದರು. ಅರಿಯದೆ ಮಣ್ಣು ಹಾಕಿದ ಅಜ್ಜನನ್ನು ಇದರಲ್ಲಿ ಸೇರಿಸಲು ನನ್ನ ಮನಸ್ಸು ಒಪ್ಪದು. 1993ರ ತರುವಾಯ ಹಾಕಿದ ಬುಟ್ಟಿಯ ಮಾತು ಬೇರೆ. ಯಾವ ಘಳಿಗೆಯಲ್ಲಿ ಭೂಮಿ ನಡುಗೀತೆಂದು ಮೊದಲೇ ಹೇಳಲಾಗದೆಂದು ನಾಲ್ವರು ವಿಜ್ಞಾನಿಗಳು 1997ರಲ್ಲಿ ಬರೆದಾಗ ಬಹಳ ಚರ್ಚೆ ನಡೆಯಿತು. ಘಳಿಗೆ ತಿಳಿಯದೆಂಬುದೇ ನನ್ನ ಮಟ್ಟಿಗೆ ಹೊಣೆಯನ್ನು ಹೆಚ್ಚಿಸುತ್ತದೆ. ತಿಳಿಯುವಂತಿದ್ದರೆ ಆ ರಾತ್ರಿ ಮಾತ್ರ ಅಂಗಳದಲ್ಲಿ ಮಲಗಿದರೆ ಸಾಕಿತ್ತು.

ಅಫಜಲಪುರ ತಾಲೂಕಿನಲ್ಲಿ ನನ್ನ ಅಕ್ಕನ ಮನೆ ಇಂಥದೇ ಮಾಳಿಗೆಯ ಮನೆ. ಈ ವಿಷಯವಾಗಿ ಅಲ್ಲಿ ನನ್ನದೊಂದು ಹಳೆಯ ತಗಾದೆ. ಅಕ್ಕನ ಮಗ ವಿದ್ಯಾವಂತ, ಮಾತಿನಲ್ಲಿ ಸೋಲುವವನಲ್ಲ. “ಮಾಮಾ, ಅಜ್ಜನ ಕಾಲದಿಂದ ನಿಂತದ ಈ ಮನಿ. ಕಿಲ್ಲಾರಿ ಆದಾಗೂ ಬಿದ್ದಿಲ್ಲ. ಬ್ಯಾಸಗ್ಯಾಗ ಪತ್ರಾಸ್ ಕೆಳಗ ಮಲಗಲಿಕ್ಕಾಗ್ತದೇನು?” ಎನ್ನುತ್ತಾನೆ. ಅವನ ಕೊನೆಯ ಮಾತು ಸುಳ್ಳಲ್ಲ. ನಮ್ಮ ಸೀಮೆಯ ಮೇ ತಿಂಗಳ ಬಿಸಿಲಿನಲ್ಲಿ ಮಣ್ಣಿನ ಮಾಳಿಗೆ ಕೊಡುವ ತಂಪನ್ನು ಯಾವ ತಗಡೂ ಕೊಡಲಾರದು. 2021ರ ಅಕ್ಟೋಬರಿನಲ್ಲಿ ಚಿಂಚೋಳಿ ತಾಲೂಕಿನ ಗಡಿಕೇಶ್ವಾರದಲ್ಲಿ ಮೇಲಿಂದ ಮೇಲೆ ನೆಲ ನಡುಗಿ ಜನ ಊರು ಬಿಟ್ಟು ಹೋದಾಗ ಅವನು ಒಂದು ವಾರ ಮೌನವಾಗಿದ್ದನು. ಆಮೇಲೆ ಮತ್ತೆ ಅದೇ ವಾದ.

ಕಿಲ್ಲಾರಿಯ ಸುತ್ತ ಮುಂದೆ ನಡೆದ ದುರಸ್ತಿಯ ಕೆಲಸದಿಂದ ಎಂಜಿನಿಯರುಗಳು ಕಲಿತದ್ದನ್ನು ಅವನಿಗೆ ಓದಿಹೇಳಿದೆ. ಮನೆಯನ್ನು ಕೆಡವಬೇಕಾಗಿಲ್ಲ, ಮಣ್ಣನ್ನು ಇಳಿಸಿ ತೆಳುವಾದ ಪದರ ಉಳಿಸಿ, ಸೋರದಂತೆ ನಡುವೆ ಪ್ಲಾಸ್ಟಿಕ್ ಹಾಳೆ ಹಾಸಬಹುದು, ಗೋಡೆಯಲ್ಲಿ ಅಲ್ಲಲ್ಲಿ ತೂತು ಕೊರೆದು ಎರಡು ಮುಖಗಳನ್ನೂ ಹಿಡಿಯುವ ಕಾಂಕ್ರೀಟಿನ ಕಟ್ಟು ಕೊಡಬಹುದು. ಅವನು ಖರ್ಚು ಕೇಳಿದನು. ತೊಗರಿಯ ಧಾರಣೆಯ ಮಾತು ನಡುವೆ ಬಂದಿತು. ಅಕ್ಕ ಅಷ್ಟು ಹೊತ್ತು ಸುಮ್ಮನೆ ಕುಳಿತಿದ್ದವಳು, ಮೊಮ್ಮಕ್ಕಳು ಮಲಗುವ ಒಳಕೋಣೆಯ ಮೇಲಿನದನ್ನಾದರೂ ಮೊದಲು ಇಳಿಸೆಂದಳು.

ಕಳೆದ ಯುಗಾದಿ ಮುಗಿದ ಮೇಲೆ ಅದನ್ನಷ್ಟೇ ಇಳಿಸಿದ್ದಾರೆ. ಮೂರು ಟ್ರ್ಯಾಕ್ಟರ್ ಮಣ್ಣು ಬಂದಿತಂತೆ. ಹೊಲದ ಬದುವಿಗೆ ಹಾಕಿಸಿದ್ದಾನೆ. ಪಡಸಾಲೆಯದು ಇನ್ನೂ ಹಾಗೆಯೇ ಇದೆ. ಈ ಮಳೆಗಾಲಕ್ಕೆ ಅದರ ಮೇಲೆ ಹೊಸ ಮಣ್ಣು ಹಾಕಬಾರದೆಂದು ಮಾತಾಗಿದೆ. ಸೋರಿದಲ್ಲಿ ತಾಡಪತ್ರಿ ಕಟ್ಟುವುದೆಂದು.