ಮೂರು ಪರದೆಯ ಕಡಲು, ನಮ್ಮ ಪಪ್ಪಾಯ ತೋಟ

ಸ್ನೇಹಿತರೇ, ಇವತ್ತು ಗೊಬ್ಬರ, ನೀರಿನ ವಿಚಾರ ಅಲ್ಲ. ಸ್ವಲ್ಪ ಉದ್ದ ಇದೆ, ಬಿಡುವಾದಾಗ ಓದಿ.

ಜಾನ್ ಅಕೊಮ್‌ಫ್ರಾ ಅಂತ ಒಬ್ಬ ಕಲಾವಿದರು ಇದ್ದಾರೆ. ಹುಟ್ಟಿದ್ದು ಆಫ್ರಿಕಾದ ಘಾನಾದಲ್ಲಿ, ಬೆಳೆದಿದ್ದು ಇಂಗ್ಲೆಂಡಿನಲ್ಲಿ. 2015ರಲ್ಲಿ ‘ವರ್ಟಿಗೋ ಸೀ’ ಅಂತ 48 ನಿಮಿಷದ ವಿಡಿಯೋ ಮಾಡಿ ವೆನಿಸ್‌ನ ದೊಡ್ಡ ಕಲಾ ಪ್ರದರ್ಶನದಲ್ಲಿ ತೋರಿಸಿದ್ರು. ಚಿತ್ರಕಲೆ ಓದ್ತಿರೋ ಮಗಳು ಅದರ ತುಣುಕುಗಳನ್ನ ನನಗೆ ಫೋನಲ್ಲಿ ತೋರಿಸಿದಳು.

ಅಕ್ಕಪಕ್ಕ ಮೂರು ಪರದೆ. ಒಂದರಲ್ಲಿ ಬಿಬಿಸಿಯವರು ತೆಗೆದ ತಿಮಿಂಗಿಲ, ಮೀನಿನ ಹಿಂಡು. ಟೀವಿಲಿ ನಾವು ಬಾಯಿಬಿಟ್ಕೊಂಡು ನೋಡ್ತೀವಲ್ಲ, ಅಂಥ ಚಿತ್ರ. ಅದರ ಪಕ್ಕದಲ್ಲೇ ತಿಮಿಂಗಿಲಾನ ಕೊಂದು ಸೀಳೋ ಹಳೇ ಫಿಲ್ಮು. ಮತ್ತೊಂದರಲ್ಲಿ ಕಡಲಿಗೆ ಎಸೆದ ಗುಲಾಮರ ಕಥೆ. 1781ರಲ್ಲಿ ‘ಜಾಂಗ್’ ಅನ್ನೋ ಹಡಗಿಂದ 130ಕ್ಕೂ ಹೆಚ್ಚು ಜನರನ್ನ ನೀರಿಗೆ ತಳ್ಳಿದ್ರು. ಆಮೇಲೆ ಮಾಲಕರು ಸರಕು ನಷ್ಟ ಆಯ್ತು ಅಂತ ವಿಮೆ ಹಣ ಕೇಳಿದ್ರು. ಮನುಷ್ಯರನ್ನ ಸರಕು ಅಂತ ಲೆಕ್ಕ ಬರೆದಿದ್ರು ನೋಡಿ.

ತಿಮಿಂಗಿಲ ಹೊಡೀತಿದ್ದಿದ್ದು ಮುಖ್ಯವಾಗಿ ಎಣ್ಣೆಗೆ. ದೀಪಕ್ಕೆ, ಯಂತ್ರಕ್ಕೆ ಆ ಎಣ್ಣೆ ಬೇಕಿತ್ತು. ಅಮೆರಿಕದ ರೈತರು ಅದರ ಸೋಪನ್ನ ಗಿಡದ ಕೀಟಕ್ಕೂ ಹೊಡೀತಿದ್ರು, ನಾವು ಹಿಟ್ಟು ತಿಗಣೆಗೆ ಮೀನೆಣ್ಣೆ ಸೋಪು ಹೊಡೆಯೋ ಹಾಗೆ. ಎಲ್ಲೋ ಕಡಲಲ್ಲಿ ಸತ್ತಿದ್ದು ಯಾರದೋ ಹೊಲಕ್ಕೆ ಬಂದು ಮುಟ್ಟಿತು.

ನನಗೆ ಹಿಡಿಸಿದ್ದು ಏನಂದ್ರೆ, ಬಿಬಿಸಿ ಚಿತ್ರ ಸುಳ್ಳು ಅಂತ ಆ ಮನುಷ್ಯ ಎಲ್ಲೂ ಹೇಳಲ್ಲ. ತಿಮಿಂಗಿಲ ಚೆಂದವೇ. ಆ ಚೆಂದದ ಪಕ್ಕ ಬಿಟ್ಟುಹೋಗಿದ್ದನ್ನ ತಂದು ಇಡ್ತಾರೆ, ಅಷ್ಟೇ. ಆಗ ಅದೇ ಕಡಲು ಬೇರೆ ಥರ ಕಾಣುತ್ತೆ.

ಹೋದ ವರ್ಷ ಒಬ್ಬರು ನಮ್ಮ ಪಪ್ಪಾಯ ತೋಟದ ವಿಡಿಯೋ ತೆಗೆದ್ರಲ್ಲ, ನೀವೂ ನೋಡಿದೀರಿ. ಮೊದಲ ಕಟಾವು, ಹಸಿರು ಸಾಲು, ತುಂಬಿದ ಕಾಯಿ. ಅದರಲ್ಲಿ ಒಂದೂ ಸುಳ್ಳಿಲ್ಲ. ವೈರಸ್ ಬಂದು ಕಿತ್ತುಹಾಕಿದ ಎರಡು ಸಾಲನ್ನೂ, ನೀರು ಬೀಳದ ಬೋರನ್ನೂ ಅವರಿಗೆ ತೋರಿಸಿದ್ದೆ, ಸಾಲದ ಕಂತಿನ ಲೆಕ್ಕಾನೂ ಹೇಳಿದ್ದೆ. ಅದೆಲ್ಲ ಕತ್ತರಿಸಿದ್ರು. ವಿಡಿಯೋ ಬಂದ ವಾರದಲ್ಲೇ ಎಷ್ಟೋ ಜನ ಫೋನ್ ಮಾಡಿ ಕೇಳಿದ್ದು ಒಂದೇ ಮಾತು: “ಅಣ್ಣಾ, ಸಸಿ ಎಲ್ಲಿ ಸಿಗುತ್ತೆ?” ಅವರಲ್ಲಿ ಒಬ್ಬ ಹುಡುಗ ಒಡವೆ ಅಡ ಇಟ್ಟು ಹಾಕ್ತೀನಿ ಅಂದ. ಕರೆಸಿ ಬೋರು ತೋರಿಸಿ ಕಳಿಸಿದೆ.

ಕೃಷಿ ವಿಡಿಯೋ ನೋಡೋದು ಬಿಡಿ ಅಂತ ನಾನು ಹೇಳಲ್ಲ. ನಾನೂ ಅದರಿಂದ ಕಲಿತಿದೀನಿ. ಆದ್ರೆ ಒಂದು ಪರದೆ ನೋಡಿದಾಗ ಇನ್ನೆರಡು ಎಲ್ಲಿ ಅಂತ ಕೇಳಿ. ಬೋರಿನ ಕಥೆ ಏನು? ಆಳಿನ ಕೂಲಿ ಎಷ್ಟು? ಮಾರ್ಕೆಟ್ ಬಿದ್ದ ದಿನ ಏನು ಮಾಡಿದ್ರಿ?

ಈ ಸಲ ಪಪ್ಪಾಯ ಹಾಕ್ಬೇಕು ಅಂತಿರೋರು ಒಂದ್ಸಲ ತೋಟಕ್ಕೆ ಬನ್ನಿ. ನಿಂತ ಸಾಲನ್ನೂ ತೋರಿಸ್ತೀನಿ, ಕಿತ್ತ ಸಾಲನ್ನೂ ತೋರಿಸ್ತೀನಿ.