ನಿವೃತ್ತರಾದವರ ಲಾಗಿನ್

ಕಳೆದ ರಜೆಯಲ್ಲಿ ನಾವು ಮೂವರು ಮೈಸೂರಿನ ಹೆಬ್ಬಾಳ ಕೈಗಾರಿಕಾ ಪ್ರದೇಶದ ಒಂದು ಕಂಪನಿಗೆ ಇಂಟರ್ನ್‌ಶಿಪ್‌ಗೆ ಹೋಗಿದ್ದೆವು. ಎಐ, ಕ್ಲೌಡ್ ಅಂತ ಏನೇನೋ ಕನಸು ಕಂಡಿದ್ದವರಿಗೆ ಸಿಕ್ಕಿದ್ದು ಆಕ್ಟಿವ್ ಡೈರೆಕ್ಟರಿ ಕ್ಲೀನ್ ಮಾಡೋ ಕೆಲಸ. ಕಂಪನಿಯಲ್ಲಿ ಯಾರ್ಯಾರಿದ್ದಾರೆ, ಯಾರು ಯಾವ ಕಂಪ್ಯೂಟರಿಗೆ ಲಾಗಿನ್ ಆಗಬಹುದು, ಯಾವ ಫೋಲ್ಡರ್ ತೆರೆಯಬಹುದು ಅನ್ನೋದೆಲ್ಲ ಬರೆದಿಟ್ಟಿರೋ ದೊಡ್ಡ ಲೆಡ್ಜರ್ ಅದು. ವಿಂಡೋಸ್ 2000 ಜೊತೆ ಬಂದದ್ದು, ಅಂದರೆ ನಮಗಿಂತ ಹಿರಿಯದು.

ಮೊದಲ ವಾರವೆಲ್ಲ ಹೆಸರಿನದೇ ಗೋಳು. ಅದು ಫಸ್ಟ್ ನೇಮ್, ಲಾಸ್ಟ್ ನೇಮ್ ಕೇಳುತ್ತೆ. ನಮ್ಮ ಕಡೆಯವರಿಗೆ ಇರೋದು ಇನಿಷಿಯಲ್, ಊರಿಗೊಂದು ಅಕ್ಷರ, ಅಪ್ಪನಿಗೊಂದು ಅಕ್ಷರ. ಒಬ್ಬರ ಲಾಸ್ಟ್ ನೇಮ್ ಜಾಗದಲ್ಲಿ ಅಪ್ಪನ ಹೆಸರು, ಇನ್ನೊಬ್ಬರದರಲ್ಲಿ ಬರೀ 'ಎಸ್'. ಹಳೇ ನಮೂನೆಯ ಲಾಗಿನ್ ಹೆಸರಿಗೆ 20 ಅಕ್ಷರದ ಮಿತಿ ಬೇರೆ. ಲಕ್ಷ್ಮೀನರಸಿಂಹಮೂರ್ತಿ ಅಂತ ಇಂಗ್ಲಿಷಲ್ಲಿ ಬರೆದು ನೋಡಿ, 22 ಆಗುತ್ತೆ.

ನಿಜವಾದ ಕೆಲಸ ಶುರುವಾಗಿದ್ದು ಎಚ್‌ಆರ್ ಕೊಟ್ಟ ಪಟ್ಟಿಯನ್ನು ಡೈರೆಕ್ಟರಿ ಜೊತೆ ತಾಳೆ ನೋಡಿದಾಗ. ಕೆಲಸ ಬಿಟ್ಟು ಹೋದವರ ಖಾತೆಗಳು ಇನ್ನೂ ಜೀವಂತ! ಹೊಸಬರು ಸೇರಿದ ದಿನ ಲಾಗಿನ್ ಸಿಗದಿದ್ದರೆ ಹತ್ತು ಫೋನ್ ಬರುತ್ತೆ. ಹೋದವರ ಲಾಗಿನ್ ಉಳಿದುಕೊಂಡರೆ ಯಾರೂ ಫೋನ್ ಮಾಡಲ್ಲ. 2021ರಲ್ಲಿ ಅಮೆರಿಕದ ಕಲೋನಿಯಲ್ ಪೈಪ್‌ಲೈನ್ ಕಂಪನಿಯೊಳಗೆ ದಾಳಿಕೋರರು ನುಗ್ಗಿದ್ದು ಹೀಗೇ ಬಳಕೆಯಲ್ಲಿಲ್ಲದೆ ಬಿದ್ದಿದ್ದ ಒಂದು ವಿಪಿಎನ್ ಖಾತೆಯ ಮೂಲಕ. ಇಂಧನ ಸಾಗಿಸುವ ಕೊಳವೆಯನ್ನೇ ಕೆಲವು ದಿನ ನಿಲ್ಲಿಸಬೇಕಾಯಿತು.

ಯಾವ ಖಾತೆ ಎಷ್ಟು ದಿನದಿಂದ ಬಳಕೆಯಲ್ಲಿಲ್ಲ ಅಂತ ತಿಳಿಯೋದೂ ಸುಲಭವಲ್ಲ. ಕೊನೇ ಲಾಗಿನ್ ಸಮಯವನ್ನು ಒಂದೊಂದು ಡೊಮೈನ್ ಕಂಟ್ರೋಲರ್ ತನ್ನಷ್ಟಕ್ಕೆ ತಾನು ಬರೆದಿಟ್ಟುಕೊಳ್ಳುತ್ತೆ. ಎಲ್ಲಕ್ಕೂ ಹಂಚಿಕೆಯಾಗುವ ಇನ್ನೊಂದು ದಿನಾಂಕವಿದೆ, ಆದರೆ ಅದು 14 ದಿನದವರೆಗೆ ಹಿಂದೆ ಬಿದ್ದಿರಬಹುದು. ಎರಡನ್ನೂ ನೋಡುತ್ತಿದ್ದಾಗ ಒಂದು ಖಾತೆ ಕಣ್ಣಿಗೆ ಬಿತ್ತು. ಅಕೌಂಟ್ಸ್ ವಿಭಾಗದ ಹಿರಿಯರೊಬ್ಬರದು. ನಿವೃತ್ತರಾಗಿ 14 ತಿಂಗಳು. ಈಗ ಅವರದು ಕುಕ್ಕರಹಳ್ಳಿ ಕೆರೆ ಸುತ್ತ ವಾಕಿಂಗು, ಮೊಮ್ಮಗಳ ಹೋಮ್‌ವರ್ಕು ಅಂತ ವಿಭಾಗದವರೇ ಹೇಳಿದರು. ಆದರೆ ದಿನಾ ರಾತ್ರಿ ಎರಡು ಗಂಟೆಗೆ ಸರಿಯಾಗಿ ಅವರ ಹೆಸರಲ್ಲಿ ಲಾಗಿನ್ ಆಗುತ್ತಿತ್ತು.

ಕಳ್ಳರೇನಲ್ಲ. ಸಂಬಳದ ವರದಿ ತಯಾರಿಸುವ ಪ್ರೋಗ್ರಾಂ ಒಂದನ್ನು ಯಾವಾಗಲೋ ಅವರ ಖಾತೆಯಲ್ಲೇ ಓಡುವಂತೆ ಜೋಡಿಸಿದ್ದರು. ಪಾಸ್‌ವರ್ಡಿಗೆ ಅವಧಿಯೇ ಮುಗಿಯದಂತೆ ಟಿಕ್ ಹಾಕಿತ್ತು. ಆ ಪಾಸ್‌ವರ್ಡ್ ನಾಲ್ಕು ಜನಕ್ಕೆ ಗೊತ್ತಿತ್ತು.

"ಅದನ್ನ ಮುಟ್ಬೇಡ್ರಪ್ಪಾ, ರಿಪೋರ್ಟ್ ನಿಂತ್ರೆ ತಿಂಗಳ ಕೊನೇಲಿ ಉತ್ತರ ಕೊಡೋರು ಯಾರು?" ಅಂದರು ವಿಭಾಗದವರು. ಅವರ ಭಯವೂ ಸುಳ್ಳಲ್ಲ.

ನಮ್ಮ ಅಡ್ಮಿನ್ ಮೇಡಂ ಕೇಳಿದ್ದು ಒಂದೇ ಪ್ರಶ್ನೆ: "ನಾಳೆ ಸಂಬಳದ ಫೈಲಲ್ಲಿ ಏನಾದ್ರೂ ಹೆಚ್ಚುಕಮ್ಮಿ ಆದ್ರೆ, ಲಾಗ್‌ನಲ್ಲಿ ಯಾರ ಹೆಸರು ಬರುತ್ತೆ?"

ಎಲ್ಲರೂ ಸುಮ್ಮನಾದರು. ಮೂವತ್ತು ವರ್ಷ ಪೈಸೆ ಪೈಸೆ ಲೆಕ್ಕ ಇಟ್ಟ ಮನುಷ್ಯ. ಅಷ್ಟು ಹೊತ್ತೂ ನಾವು ಖಾತೆ ಮುಚ್ಚೋದು ಅಂದ್ರೆ ಕಂಪನಿಯ ಬಾಗಿಲು ಭದ್ರ ಮಾಡೋದು ಅಂತಷ್ಟೇ ತಿಳಿದಿದ್ದೆವು.

ಮೇಡಂ ಆ ಪ್ರೋಗ್ರಾಂಗೇ ಒಂದು ಬೇರೆ ಸರ್ವಿಸ್ ಅಕೌಂಟ್ ಮಾಡಿಸಿದರು. ಅದಕ್ಕೆ ಬೇಕಾದ ಒಂದು ಫೋಲ್ಡರ್ ಬಿಟ್ಟು ಬೇರೇನೂ ತೆರೆಯಲ್ಲ. ಪಾಸ್‌ವರ್ಡ್ ಯಾರಿಗೂ ಗೊತ್ತಿಲ್ಲ. 30 ದಿನಕ್ಕೊಮ್ಮೆ ಸಿಸ್ಟಮ್ಮೇ ಬದಲಾಯಿಸಿಕೊಳ್ಳುತ್ತೆ. ಒಂದು ವಾರ ವರದಿ ಸರಿಯಾಗಿ ಬಂದ ಮೇಲೆ ಹಳೇ ಖಾತೆಯನ್ನು ಡಿಸೇಬಲ್ ಮಾಡಿದೆವು. ಡಿಲೀಟ್ ಮಾಡಲಿಲ್ಲ. ಪ್ರತಿ ಖಾತೆಗೂ ಒಳಗೊಂದು ಎಸ್‌ಐಡಿ ಸಂಖ್ಯೆ ಇರುತ್ತೆ, ಫೈಲುಗಳು ಗುರುತು ಹಿಡಿಯೋದು ಅದನ್ನೇ. ಅಳಿಸಿ, ಮತ್ತೆ ಅದೇ ಹೆಸರಲ್ಲಿ ಸೃಷ್ಟಿಸಿದರೆ ಸಂಖ್ಯೆ ಬೇರೆ, ಅಂದರೆ ಕಂಪ್ಯೂಟರಿಗೆ ಮನುಷ್ಯನೇ ಬೇರೆ. ಆಡಿಟ್ ಮುಗಿಯೋವರೆಗೆ ಅವರ ಖಾತೆ ಹಾಗೇ ಇರಲಿ ಅಂದರು ಮೇಡಂ.

ಮಾರನೇ ದಿನ ಬೆಳಗ್ಗೆ ಲಾಗ್ ತೆಗೆದು ನೋಡಿದೆವು. ರಾತ್ರಿ ಎರಡು ಗಂಟೆಗೆ ಪ್ರೋಗ್ರಾಂ ತನ್ನ ಹೆಸರಲ್ಲೇ ಬಂದು ಹೋಗಿತ್ತು.