ಆಟ ಬಂದ ದಿನ, ಆಡಿದ ದಿನ

ನಮ್ಮ ಹಿರಿಯರು ದಿನಾಂಕಗಳನ್ನು ಬರೆದಿಡುವುದರಲ್ಲಿ ಬಲು ಅಚ್ಚುಕಟ್ಟು. ಹಸು ಕರು ಹಾಕಿದ ದಿನ, ಆಳಿಗೆ ಮುಂಗಡ ಕೊಟ್ಟ ದಿನ, ಹೊಸ ಗ್ಯಾಸ್ ಸಿಲಿಂಡರ್ ಹಾಕಿದ ದಿನ ಎಲ್ಲವೂ ಅಡುಗೆಮನೆಯ ಕ್ಯಾಲೆಂಡರಿನ ಚೌಕಗಳಲ್ಲೋ ಪಂಚಾಂಗದ ಅಂಚಿನಲ್ಲೋ ದಾಖಲಾಗುತ್ತಿದ್ದವು. ಕಡಲಾಚೆ ಬಂದು ನೆಲೆಸಿದ ನಾವೂ ದಿನಾಂಕಗಳ ನಡುವೆಯೇ ಬದುಕುತ್ತೇವೆ. ವೀಸಾ ಮುಗಿಯುವ ದಿನ, ಪಾಸ್‌ಪೋರ್ಟ್ ನವೀಕರಣದ ದಿನ, ಮನೆಸಾಲದ ಬಡ್ಡಿ ಬದಲಾಗುವ ದಿನ ನಮಗೆ ಬಾಯಿಪಾಠವಾಗಿವೆ. ಆದರೆ ನಮ್ಮ ಮನೆಯ ಟಿ.ವಿ.ಯ ಕೆಳಗೆ ಕುಳಿತಿರುವ ಗೇಮ್ ಕನ್ಸೋಲಿನಲ್ಲಿ ಯಾವ ಆಟ ಯಾವಾಗ ಬಂದಿತು, ಅದಕ್ಕೆ ಹಣ ತೆತ್ತವರು ಯಾರು ಎಂದು ಯಾರಾದರೂ ಕೇಳಿದರೆ ನಮ್ಮಲ್ಲಿ ಬಹುಮಂದಿ ಮಕ್ಕಳ ಮುಖವನ್ನು ನೋಡುತ್ತೇವೆ.

ನಮ್ಮ ಮನೆಯಲ್ಲಿ ಈ ಪ್ರಶ್ನೆ ಎದ್ದುದು ಪಾಲಿನ ಪ್ರಸಂಗದಲ್ಲಿ. 2025ರ ಸೆಪ್ಟೆಂಬರಿನಲ್ಲಿ ಮಗಳು ಉನ್ನತ ವ್ಯಾಸಂಗಕ್ಕಾಗಿ ಲೀಡ್ಸ್ ನಗರಕ್ಕೆ ಹೊರಟು ನಿಂತಳು. ಹಾಸಿಗೆ, ಕುಕ್ಕರ್, ಮೆಂತ್ಯದ ಹಿಟ್ಟು ಎಲ್ಲದರ ಪಟ್ಟಿಯೂ ಸಿದ್ಧವಾಗಿತ್ತು. ಕೊನೆಗೆ ಉಳಿದದ್ದು ನಿಂಟೆಂಡೋ ಸ್ವಿಚ್. ಯಂತ್ರ ಒಂದೇ, ಅದರಲ್ಲಿ ಏಳು ವರ್ಷಗಳಿಂದ ಸೇರುತ್ತ ಬಂದ ಆಟಗಳು ಮಾತ್ರ ಎಲ್ಲವೂ ಮಗಳ ಖಾತೆಯಲ್ಲಿ ಕೊಂಡವು. ಮನೆಯಲ್ಲಿರುವ ಮುಖ್ಯ ಯಂತ್ರದಲ್ಲಿ ಒಬ್ಬರು ಕೊಂಡದ್ದನ್ನು ಎಲ್ಲರೂ ಆಡಬಹುದಾದ್ದರಿಂದ ಅಷ್ಟು ವರ್ಷ ಯಾರಿಗೂ ಅದು ತೊಡಕೆನಿಸಿರಲಿಲ್ಲ. ಹದಿಮೂರರ ಮಗ, "ಅಪ್ಪ, ಅರ್ಧ ಆಟಗಳಿಗೆ ದುಡ್ಡು ನನ್ನದು" ಎಂದ. ಮಗಳು, "ಅವನಿಗೆ ಆಗ ಓದೋಕೇ ಬರ್ತಿರಲಿಲ್ಲ" ಎಂದಳು. ಊರಿನಲ್ಲಿ ಪಹಣಿ ಒಬ್ಬನ ಹೆಸರಿನಲ್ಲಿದ್ದು ಉಳುಮೆ ಇಬ್ಬರದಾಗಿರುವಾಗ ಏಳುವ ವ್ಯಾಜ್ಯವೇ ಇಲ್ಲಿಯೂ ಎದ್ದಿತು. ಶಾನುಭೋಗರ ಕೆಲಸ ನನ್ನ ಪಾಲಿಗೆ ಬಂತು.

ಕಡತ ಬಿಚ್ಚಿ ಕುಳಿತಾಗ ಮೊದಲು ತಿಳಿದ ಸಂಗತಿಯೆಂದರೆ, ಒಂದು ಆಟಕ್ಕೆ ಮೂರು ದಿನಾಂಕಗಳಿವೆ. ಒಂದು, ಕೊಂಡ ದಿನ. ಎರಡು, ಯಂತ್ರಕ್ಕೆ ಇಳಿಸಿಕೊಂಡ ದಿನ. ಮೂರು, ಆಡಿದ ದಿನ. ಈ ಮೂರೂ ಬೇರೆ ಬೇರೆ ಕಡೆ ಇರುತ್ತವೆ. ಕೊಂಡ ದಿನ ಕಂಪನಿಯ ಸರ್ವರಿನಲ್ಲಿ, ಖಾತೆಗೆ ಅಂಟಿಕೊಂಡಿರುತ್ತದೆ. ಯಂತ್ರ ಕೆಟ್ಟರೂ ಮಾರಿದರೂ ಅದು ಅಳಿಯದು. ಡೌನ್‌ಲೋಡ್ ಆದ ದಿನ ಆಯಾ ಯಂತ್ರದ ಸಂಗತಿ. ಜಾಗ ಸಾಲದೆಂದು ಆಟವನ್ನು ಅಳಿಸಿ ಆರು ತಿಂಗಳ ಮೇಲೆ ಮತ್ತೆ ಇಳಿಸಿಕೊಂಡರೆ ಹಳೆಯ ದಿನ ಹೋಗಿ ಹೊಸ ದಿನ ಬರುತ್ತದೆ. ಆದ್ದರಿಂದ ಯಂತ್ರದಲ್ಲಿ ಕಾಣುವ ದಿನವನ್ನು ಕೊಂಡ ದಿನವೆಂದು ನಂಬಲಾಗದು. ಆಡಿದ ದಿನದ ಕುರುಹುಗಳು ಇನ್ನೂ ಚದುರಿಹೋಗಿರುತ್ತವೆ.

ಕೊಂಡ ದಿನವನ್ನು ಹುಡುಕುವುದು ಮೂರೂ ದೊಡ್ಡ ಮನೆತನಗಳಲ್ಲಿ ಸುಲಭ. ನಿಂಟೆಂಡೋ ಬಳಸುವವರು ಗಣಕಯಂತ್ರದಲ್ಲಿ ತಮ್ಮ ಖಾತೆಯೊಳಗೆ ಹೋಗಿ ಖರೀದಿಯ ಇತಿಹಾಸವನ್ನು ತೆರೆಯಬಹುದು. ಪ್ಲೇಸ್ಟೇಷನ್ ಇರುವವರಿಗೆ ಖಾತೆಯ ಪಾವತಿ ವಿಭಾಗದಲ್ಲಿ ವಹಿವಾಟಿನ ಇತಿಹಾಸವಿದೆ. ಯಾವ ದಿನದಿಂದ ಯಾವ ದಿನದವರೆಗೆ ಎಂದು ಕೊಟ್ಟು ನೋಡಬಹುದು. ಎಕ್ಸ್‌ಬಾಕ್ಸ್ ಮನೆಗಳಲ್ಲಿ ಮೈಕ್ರೋಸಾಫ್ಟ್ ಖಾತೆಯ ಆರ್ಡರ್ ಇತಿಹಾಸದಲ್ಲಿ ಅದು ಸಿಗುತ್ತದೆ. ಜೊತೆಗೆ ಪ್ರತಿ ಖರೀದಿಗೂ ಒಂದು ಮಿಂಚಂಚೆ ರಸೀದಿ ಬಂದಿರುತ್ತದೆ. ಬ್ಯಾಂಕಿನ ಪಟ್ಟಿಯೊಡನೆ ತಾಳೆ ನೋಡುವವರು ಎರಡು ಮಾತು ನೆನಪಿಡಬೇಕು. ಕಾರ್ಡಿನ ಲೆಕ್ಕದಲ್ಲಿ ದಿನಾಂಕ ಒಂದೆರಡು ದಿನ ತಡವಾಗಿ ಕಾಣಬಹುದು. ಖಾತೆಗೆ ಮೊದಲೇ ಹಣ ತುಂಬಿಸಿ ಅದರಿಂದ ಆಟ ಕೊಂಡಿದ್ದರೆ ಬ್ಯಾಂಕಿಗೆ ಗೊತ್ತಿರುವುದು ಹಣ ತುಂಬಿಸಿದ ದಿನವಷ್ಟೇ.

ಈ ಎರಡು ದಿನಗಳ ವ್ಯತ್ಯಾಸದಲ್ಲಿ ಹಣದ ಪ್ರಶ್ನೆಯೂ ಅಡಗಿದೆ. ಬ್ರಿಟನ್ನಿನಲ್ಲಿ ಆನ್‌ಲೈನಿನಲ್ಲಿ ಕೊಂಡ ವಸ್ತುವನ್ನು ಸಾಮಾನ್ಯವಾಗಿ 14 ದಿನಗಳೊಳಗೆ ಬೇಡವೆನ್ನಬಹುದು. ಆದರೆ 2013ರ ಗ್ರಾಹಕ ಒಪ್ಪಂದಗಳ ನಿಯಮಾವಳಿಯಂತೆ, ಡಿಜಿಟಲ್ ಸರಕನ್ನು ಗ್ರಾಹಕನು ಷರತ್ತಿಗೆ ಸಮ್ಮತಿಸಿ ಇಳಿಸಿಕೊಳ್ಳಲು ಆರಂಭಿಸಿದರೆ ಆ ಹಕ್ಕು ಅಲ್ಲಿಗೇ ಮುಗಿಯುತ್ತದೆ. ಪ್ಲೇಸ್ಟೇಷನ್ನಿನ ನಿಯಮವೂ ಇದನ್ನೇ ಹೇಳುತ್ತದೆ: ಕೊಂಡ 14 ದಿನಗಳೊಳಗೆ, ಡೌನ್‌ಲೋಡ್ ಆರಂಭವಾಗಿರದಿದ್ದರೆ ಹಣ ವಾಪಸು. ಮಗು ತಪ್ಪಿ ಒತ್ತಿದ ಗುಂಡಿಯಿಂದ ನಲವತ್ತು ಪೌಂಡ್ ಹೋದಾಗ, ಅದು ತಾನೇ ತಾನಾಗಿ ಇಳಿಯಲು ತೊಡಗಿತ್ತೇ ಇಲ್ಲವೇ ಎಂಬುದೇ ನಿರ್ಣಾಯಕ. ಆಟವೇ ದೋಷಪೂರಿತವಾಗಿದ್ದರೆ ಮಾತು ಬೇರೆ. 2015ರ ಗ್ರಾಹಕ ಹಕ್ಕುಗಳ ಕಾಯ್ದೆ ಡಿಜಿಟಲ್ ಸರಕಿಗೂ ಅನ್ವಯಿಸುತ್ತದೆ, ಡೌನ್‌ಲೋಡ್ ಆದ ಮೇಲೆಯೂ ಸರಿಪಡಿಸಿಕೊಡುವಂತೆ ಅಥವಾ ಬದಲಿಸಿಕೊಡುವಂತೆ ಕೇಳಬಹುದು.

ನಮ್ಮ ಪಾಲಿನ ವಿಷಯಕ್ಕೆ ಮರಳುತ್ತೇನೆ. ಮಗಳ ಖಾತೆಯ ಇತಿಹಾಸದಲ್ಲಿ 38 ಆಟಗಳು ಕಂಡವು. ಮಕ್ಕಳಿಗೆ ಬಂದ ಉಡುಗೊರೆ ಕಾರ್ಡುಗಳನ್ನು ನನ್ನ ಹೆಂಡತಿ ಬಳಸಿದ ಮೇಲೂ ಎಸೆದಿರಲಿಲ್ಲ. ಹಿಂಬದಿಯಲ್ಲಿ ಯಾರಿಗೆ, ಯಾರಿಂದ, ಯಾವಾಗ ಎಂದು ಬರೆದು ಮೇಜಿನ ಡ್ರಾಯರಿನಲ್ಲಿ ರಬ್ಬರ್ ಬ್ಯಾಂಡ್ ಹಾಕಿ ಇಟ್ಟಿದ್ದಳು. ಅವಳ ತಾಯಿ ಹಾಲಿನ ಲೆಕ್ಕವನ್ನು ಇಟ್ಟಂತೆಯೇ. ಆ ಕಾರ್ಡುಗಳನ್ನೂ ಬ್ಯಾಂಕಿನ ಲೆಕ್ಕವನ್ನೂ ಖರೀದಿಯ ಪಟ್ಟಿಯನ್ನೂ ಎದುರಿಗಿಟ್ಟುಕೊಂಡು ಒಂದು ಭಾನುವಾರ ಮೂವರೂ ಕುಳಿತೆವು. ಮಗನ ಹಣದಿಂದ ಬಂದವು 11, ಮಗಳ ಹಣದಿಂದ 9, ಉಳಿದ 18 ನಮ್ಮವು. ಅರ್ಧವೆಂದ ಮಗನ ಮಾತು ನಿಲ್ಲಲಿಲ್ಲ. ಅವನ ಹಣದ ಮೊದಲ ಆಟ ಬಂದದ್ದು 2019ರ ಫೆಬ್ರವರಿಯಲ್ಲಿ, ಅವನ ಏಳನೆಯ ಹುಟ್ಟುಹಬ್ಬದ ಮಾರನೆಯ ದಿನ. ಆ ವೇಳೆಗೆ ಅವನು ಚೆನ್ನಾಗಿಯೇ ಓದುತ್ತಿದ್ದನಾದ್ದರಿಂದ ಮಗಳ ವಾದವೂ ಬಿದ್ದುಹೋಯಿತು.

ಪಟ್ಟಿಯನ್ನು ಮೇಲಿನಿಂದ ಕೆಳಗೆ ಓದುತ್ತ ಹೋದಂತೆ ಅದು ಬರಿಯ ಲೆಕ್ಕವಾಗಿ ಉಳಿಯಲಿಲ್ಲ. ಪ್ರತಿ ವರ್ಷ ಡಿಸೆಂಬರ್ 26ರ ಸುತ್ತ ಎರಡು ಮೂರು ಆಟಗಳು. ಫೆಬ್ರವರಿಯಲ್ಲಿ ಒಂದು, ಜುಲೈಯಲ್ಲಿ ಒಂದು. 2020ರ ಮಾರ್ಚ್ 28ರಂದು 49 ಪೌಂಡ್ 99 ಪೆನ್ಸ್ ಕೊಟ್ಟು ಕೊಂಡ ಅನಿಮಲ್ ಕ್ರಾಸಿಂಗ್: ನ್ಯೂ ಹೊರೈಜನ್ಸ್. ಆ ಆಟ ಬಿಡುಗಡೆಯಾದದ್ದು ಮಾರ್ಚ್ 20ರಂದು. 23ರ ಸಂಜೆ ಇಲ್ಲಿ ಲಾಕ್‌ಡೌನ್ ಘೋಷಣೆಯಾಯಿತು. ಶಾಲೆ ಮುಚ್ಚಿದ ಮಕ್ಕಳಿಗೆ ನಾನು ಕೊಡಬಹುದಾಗಿದ್ದ ಹೊರಾಂಗಣವೆಂದರೆ ಆ ದ್ವೀಪವೇ ಆಗಿತ್ತು.

ಅನಂತರ 2021ರ ಏಪ್ರಿಲಿನಿಂದ ಸೆಪ್ಟೆಂಬರಿನವರೆಗೆ ಪಟ್ಟಿ ಖಾಲಿ. ಆರು ತಿಂಗಳು ಒಂದೇ ಒಂದು ಆಟವಿಲ್ಲ. ಮಕ್ಕಳು ಅದನ್ನು ಗಮನಿಸಿ ನನ್ನತ್ತ ನೋಡಿದರು. ನನಗೂ ಕಾರಣ ಗೊತ್ತಿತ್ತು. ಏಪ್ರಿಲ್ 23ರಂದು ಬ್ರಿಟನ್ ಭಾರತವನ್ನು ಕೆಂಪು ಪಟ್ಟಿಗೆ ಸೇರಿಸಿತು. ಅದು ತೆರವಾದದ್ದು ಆಗಸ್ಟ್ 8ಕ್ಕೆ. ಆ ನಡುವೆ, ಮೇ 17ರಂದು, ಹಾಸನದಲ್ಲಿ ನನ್ನ ತಾಯಿ ತೀರಿಕೊಂಡರು. ಅಂತ್ಯಕ್ರಿಯೆಯನ್ನು ತಮ್ಮ ಹಿಡಿದ ಫೋನಿನಲ್ಲಿ ನೋಡಿದೆವು. ಜುಲೈಯಲ್ಲಿ ಮಗಳಿಗೆ ಹದಿನಾಲ್ಕು ತುಂಬಿತು. ಅವಳಿಗೆ ಬಂದ ಕಾರ್ಡಿನ ಹಿಂದೆ ಹೆಂಡತಿಯ ಅಕ್ಷರದಲ್ಲಿ "ಜುಲೈ 2021" ಎಂದಿದೆ. ಅದರಿಂದ ಆಟ ಕೊಂಡದ್ದು ಅಕ್ಟೋಬರಿನಲ್ಲಿ. ಮೂರು ತಿಂಗಳು ಕಾರ್ಡು ಅವಳ ಬಳಿಯೇ ಇತ್ತು. ಯಾರೂ ಬೇಡವೆಂದಿರಲಿಲ್ಲ. ಅವಳು ಕೇಳಲೂ ಇಲ್ಲ.

ಇನ್ನು ಆಡಿದ ದಿನದ ಮಾತು. ಸ್ವಿಚ್‌ನಲ್ಲಿ ಒಬ್ಬೊಬ್ಬರ ಪ್ರೊಫೈಲಿನಲ್ಲಿ ಯಾವ ಆಟವನ್ನು ಸುಮಾರು ಎಷ್ಟು ಗಂಟೆ ಆಡಿದ್ದಾರೆಂಬುದು ಕಾಣುತ್ತದೆ. ಮೊದಲು ಆಡಿದ ದಿನ ಕಾಣುವುದಿಲ್ಲ. ಆದರೆ ಅದರಲ್ಲಿ ತೆಗೆದ ತೆರೆಚಿತ್ರಗಳನ್ನು ಗಣಕಯಂತ್ರಕ್ಕೆ ಇಳಿಸಿಕೊಂಡರೆ ಕಡತದ ಹೆಸರೇ ವರ್ಷ, ತಿಂಗಳು, ದಿನ, ಗಂಟೆಗಳಿಂದ ಆರಂಭವಾಗುತ್ತದೆ. ಪ್ಲೇಸ್ಟೇಷನ್ನಿನ ಟ್ರೋಫಿಗಳಲ್ಲೂ ಎಕ್ಸ್‌ಬಾಕ್ಸಿನ ಸಾಧನೆಗಳಲ್ಲೂ ಗಳಿಸಿದ ದಿನ ನಮೂದಾಗಿರುತ್ತದೆ. ಅಂಗಡಿಯಿಂದ ಡಿಸ್ಕ್ ಅಥವಾ ಕಾರ್ಟ್ರಿಜ್ ತಂದಿದ್ದರೆ ಖಾತೆಯ ಖರೀದಿ ಪಟ್ಟಿಯಲ್ಲಿ ಅದರ ಸುಳಿವೇ ಇರದು. ಅಂಥವುಗಳಿಗೆ ಈ ಕುರುಹುಗಳೇ ಗತಿ.

ಈ ವಿಷಯದಲ್ಲಿ ಎಲ್ಲರಿಗಿಂತ ಅಚ್ಚುಕಟ್ಟಾದ ದಿನಚರಿ ಸಿಕ್ಕಿದ್ದು ನಮ್ಮ ಅಟ್ಟದ ಮೇಲಿದ್ದ ಹಳೆಯ ನಿಂಟೆಂಡೋ 3ಡಿಎಸ್‌ನಲ್ಲಿ. ಅದರಲ್ಲಿ ಚಟುವಟಿಕೆಯ ದಾಖಲೆ ಎಂಬ ಪುಟ್ಟ ವಿಭಾಗವಿದೆ. ಪ್ರತಿ ಆಟವನ್ನೂ ಮೊದಲು ಆಡಿದ ದಿನ, ಕೊನೆಯ ಬಾರಿ ಆಡಿದ ದಿನ, ಎಷ್ಟು ಸಲ, ಒಟ್ಟು ಎಷ್ಟು ಹೊತ್ತು ಎಂದು ಅದು ಬರೆದಿಟ್ಟುಕೊಳ್ಳುತ್ತದೆ. ಖಾತೆ ಬೇಡ, ಇಂಟರ್‌ನೆಟ್ ಬೇಡ, ಎಲ್ಲವೂ ಯಂತ್ರದೊಳಗೇ. ಆದ್ದರಿಂದಲೇ ಯಂತ್ರವನ್ನು ಅಳಿಸಿ ಯಾರಿಗಾದರೂ ಕೊಟ್ಟರೆ ಅದೂ ಹೋಗುತ್ತದೆ. ಹಳೆಯದನ್ನು ಹೊರತೆಗೆಯುವವರು ಮೊದಲು ಈ ದಾಖಲೆಯನ್ನು ನೋಡಬೇಕು, ಆಮೇಲೆ ಆಟ ತೆರೆಯಬೇಕು. ಆಟ ತೆರೆದೊಡನೆ ಕೊನೆಯ ದಿನ ಬದಲಾಗುತ್ತದೆ.

ನಾನು ಹಾಗೆಯೇ ಮಾಡಿದೆ. ಅನಿಮಲ್ ಕ್ರಾಸಿಂಗ್: ನ್ಯೂ ಲೀಫ್, ಅಂಗಡಿಯಿಂದ ತಂದ ಕಾರ್ಟ್ರಿಜ್. ಮೊದಲು ಆಡಿದ್ದು 2014ರ ಡಿಸೆಂಬರ್ 25. ಅದು ಮಗಳಿಗೆ ಏಳು ವರ್ಷವಾಗಿದ್ದಾಗಿನ ಕ್ರಿಸ್‌ಮಸ್. ಮರುವರ್ಷದ ಬೇಸಿಗೆಯಲ್ಲಿ ಅಮ್ಮ ಆರು ತಿಂಗಳ ವೀಸಾದಲ್ಲಿ ನಮ್ಮಲ್ಲಿಗೆ ಬಂದಿದ್ದರು. ಆ ಆಟದಲ್ಲಿ ಒಂದು ಊರಿದೆ. ನೋಡಿಕೊಳ್ಳದಿದ್ದರೆ ಅಲ್ಲಿ ಕಳೆ ಬೆಳೆಯುತ್ತದೆ, ಹೂವು ಬಾಡುತ್ತದೆ. ಅಮ್ಮನಿಗೆ ಆ ಊರಿನ ಉಳಿದ ವ್ಯವಹಾರ ಯಾವುದೂ ರುಚಿಸಲಿಲ್ಲ. ಆದರೆ ಕಳೆಯನ್ನು ಕಂಡು ಸುಮ್ಮನಿರಲು ಅವರಿಂದಾಗಲಿಲ್ಲ. ಮಧ್ಯಾಹ್ನ ಮಗಳು ಶಾಲೆಯಿಂದ ಬಂದೊಡನೆ ಇಬ್ಬರೂ ಸೋಫಾದ ಮೇಲೆ ಕುಳಿತು ಕಳೆ ಕೀಳುತ್ತಿದ್ದರು. "ಬೇರು ಸಮೇತ ಬಂತೇನೆ?" ಎಂದು ಅಮ್ಮ ಪ್ರತಿ ಸಲ ಕೇಳುತ್ತಿದ್ದರು.

ಅದೇ ಆಟವನ್ನು ಕೊನೆಯ ಬಾರಿ ಆಡಿದ ದಿನ: 2021ರ ಮೇ 19.

ಆ ಹೊತ್ತಿಗೆ ಮಗಳು ಆ ಯಂತ್ರವನ್ನು ಕೈಬಿಟ್ಟು ವರ್ಷಗಳಾಗಿದ್ದವು. ನಾನು ಕೇಳಿದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಜ್ಜಿ ನೆಟ್ಟ ಹೂವು ಇದೆಯಾ ಅಂತ ನೋಡೋಕೆ ತೆಗೆದೆ. ಹೂವು ಇರಲಿಲ್ಲ. ಊರೆಲ್ಲ ಕಳೆ. ಕಿತ್ತು ಮುಗಿಸಿ ಇಟ್ಟುಬಿಟ್ಟೆ" ಎಂದಳು. ಆ ವಾರ ನಾನು ದಿನವಿಡೀ ಹಾಸನದ ಫೋನುಗಳಲ್ಲಿ ಮುಳುಗಿದ್ದೆ. ಮಕ್ಕಳು ಕೋಣೆಯಲ್ಲಿ ಓದಿಕೊಳ್ಳುತ್ತಿದ್ದಾರೆಂದೇ ಎಲ್ಲರೂ ತಿಳಿದಿದ್ದೆವು. ನಾಲ್ಕು ವರ್ಷಗಳ ಮೇಲೆ, ಅಟ್ಟದಿಂದ ಇಳಿಸಿದ ಒಂದು ಆಟಿಕೆ ನನ್ನ ಮಗಳ ದುಃಖದ ದಿನಾಂಕವನ್ನು ನನಗೆ ಹೇಳಿತು.

ಪಾಲು ಸುಲಭವಾಗಿಯೇ ಇತ್ಯರ್ಥವಾಯಿತು. ಸ್ವಿಚ್ ಮಗನಿಗೆ ಉಳಿಯಿತು. 2025ರ ವಸಂತದಲ್ಲಿ ನಿಂಟೆಂಡೋ ತಂದ ವರ್ಚುವಲ್ ಗೇಮ್ ಕಾರ್ಡ್ ಎಂಬ ವ್ಯವಸ್ಥೆಯಂತೆ, ಒಂದೇ ಕುಟುಂಬ ಗುಂಪಿನಲ್ಲಿರುವವರು ಡಿಜಿಟಲ್ ಆಟವೊಂದನ್ನು 14 ದಿನಗಳ ಮಟ್ಟಿಗೆ ಎರವಲು ಕೊಡಬಹುದು. ಅಕ್ಕ ರಜೆಗೆ ಬಂದಾಗ ಕೊಡುತ್ತಾಳೆ, ಅವಧಿ ಮುಗಿದರೆ ಅದು ತಾನಾಗಿ ಮರಳುತ್ತದೆ. ಮಗನ ಹಣದ ಲೆಕ್ಕಕ್ಕೆ ಮುಂದಿನ ಎರಡು ಆಟಗಳು ಅವನ ಸ್ವಂತ ಖಾತೆಯಲ್ಲಿ ಬರಲಿವೆ. ಮಗಳು ತನಗೆ ಬೇಕೆಂದದ್ದು ಹಳೆಯ 3ಡಿಎಸ್ ಒಂದನ್ನೇ.

ಬಳಗದ ಪೋಷಕರಲ್ಲಿ ನನ್ನ ವಿನಂತಿ ಇಷ್ಟೆ. ಮುಂದಿನ ಶಾಲಾ ರಜೆಯಲ್ಲಿ ಮಕ್ಕಳೊಡನೆ ಒಂದು ಗಂಟೆ ಕುಳಿತು ಖರೀದಿಯ ಪಟ್ಟಿಯನ್ನು ತೆರೆದು ನೋಡಿರಿ, ಅದನ್ನು ಕಾಗದಕ್ಕೆ ಇಳಿಸಿರಿ. ಡಿಜಿಟಲ್ ಆಟವೆಂದರೆ ಆಡಲು ದೊರೆತ ಅನುಮತಿ. ಅದನ್ನು ಮಾರುವ ಅಂಗಡಿಗಳೂ ಶಾಶ್ವತವಲ್ಲ. 3ಡಿಎಸ್ ಮತ್ತು ವೀ ಯು ಯಂತ್ರಗಳ ಆನ್‌ಲೈನ್ ಅಂಗಡಿಯಲ್ಲಿ 2023ರ ಮಾರ್ಚ್ 27ರಂದು ಮಾರಾಟ ನಿಂತಿತು. ಎಕ್ಸ್‌ಬಾಕ್ಸ್ 360ರ ಅಂಗಡಿ 2024ರ ಜುಲೈ 29ರಂದು ಮುಚ್ಚಿತು. ಮಕ್ಕಳು ದೊಡ್ಡವರಾಗಿ ಖಾತೆಗಳು ಬೇರೆಯಾಗುವ ಮೊದಲೇ ಈ ಕೆಲಸ ಮುಗಿದಿದ್ದರೆ ಒಳ್ಳೆಯದು. ನಮ್ಮ ಮನೆಯಲ್ಲಿ ಅದಕ್ಕೆಂದೇ ಒಂದು ನೋಟುಪುಸ್ತಕವಿಟ್ಟಿದ್ದೇವೆ. ಆಟದ ಹೆಸರು, ಕೊಂಡ ದಿನ, ಯಾರ ಹಣ, ಯಾವ ಖಾತೆ ಎಂದು ನಾಲ್ಕು ಅಂಕಣಗಳು. ಐದನೆಯದನ್ನು ಮಗ ಗೆರೆ ಎಳೆದು ಸೇರಿಸಿದ್ದಾನೆ: ಯಾರೊಡನೆ ಆಡಿದ್ದು. ಆ ಅಂಕಣಕ್ಕೆ ಕಂಪನಿಯ ಯಾವ ಪಟ್ಟಿಯಿಂದಲೂ ಮಾಹಿತಿ ಸಿಗುವುದಿಲ್ಲ. ಮಕ್ಕಳನ್ನೇ ಕೇಳಿ ತುಂಬಬೇಕು.